ಮಗಿನೊದಲ್ಲಿ ಒಕ್ಕಲಾದ ಕ್ಯಾಮೆರಾ

ಟೋಕಿಯೊದ ಹೊಸ ವಿಮಾನ ನಿಲ್ದಾಣಕ್ಕೆ ನರಿತಾ ಬಳಿಯ ಸನ್ರಿಜುಕಾವನ್ನು ಜಪಾನ್ ಸರ್ಕಾರ 1966ರಲ್ಲಿ ಗೊತ್ತುಮಾಡಿತು. ಅಲ್ಲಿನ ರೈತರನ್ನು ಕೇಳಿರಲಿಲ್ಲ; ಅವರು ಹೋರಾಟಕ್ಕಿಳಿದರು. ಎರಡು ವರ್ಷದ ನಂತರ ಸಾಕ್ಷ್ಯಚಿತ್ರಕಾರ ಒಗಾವಾ ಶಿನ್ಸುಕೆ ತನ್ನ ತಂಡದೊಂದಿಗೆ ಅಲ್ಲಿ ಬಿಡಾರ ಹೂಡಿದ. 1977ರವರೆಗೆ ಆ ಹೋರಾಟದ ಬಗ್ಗೆ ಏಳು ಚಿತ್ರಗಳು ಬಂದವು. ಮೊದಲ ಚಿತ್ರಗಳಲ್ಲಿ ಕ್ಯಾಮೆರಾ ರೈತರ ಸಾಲಿನಲ್ಲೇ ನಿಂತು ಪೊಲೀಸರನ್ನು ಎದುರಿಸುತ್ತದೆ. 1973ರ 'ಹೆತಾ ಹಳ್ಳಿ'ಯ ಹೊತ್ತಿಗೆ ಕಾದಾಟ ಹಿಂದೆ ಸರಿದು, ಹಳ್ಳಿಗರ ನಿಧಾನದ ಮಾತುಕತೆ ಚಿತ್ರವನ್ನು ತುಂಬಿಕೊಳ್ಳುತ್ತದೆ. ಕಳೆದುಕೊಳ್ಳುತ್ತಿರುವುದು ಬರೀ ಜಮೀನಲ್ಲ, ಊರು ಎಂಬುದು ಆ ಮಾತಿನ ಲಯದಲ್ಲೇ ತಿಳಿಯುತ್ತದೆ.

ಮುಂದಿನ ಹೆಜ್ಜೆ ಇನ್ನೂ ವಿಚಿತ್ರ. ಯಮಗಾತಾ ಪ್ರಾಂತ್ಯದ ಮಗಿನೊ ಹಳ್ಳಿಯ ರೈತಕವಿ ಕಿಮುರಾ ಮಿಚಿಯೊ ಕರೆದರೆಂದು ತಂಡ ಅಲ್ಲಿಗೆ ಹೋಗಿ ಗದ್ದೆ ಹಿಡಿದು ಭತ್ತ ಬೆಳೆಯತೊಡಗಿತು. ಹತ್ತು ವರ್ಷಕ್ಕೂ ಮಿಕ್ಕಿ ಅಲ್ಲೇ ಉಳಿಯಿತು. ವಿಷಯ ಹುಡುಕಿಕೊಂಡು ಹಳ್ಳಿಗೆ ಹೋಗುವ ಚಿತ್ರಕಾರರು ಬೇಕಾದಷ್ಟಿದ್ದಾರೆ. ಒಕ್ಕಲಾಗಿ ನಿಂತವರು ಅಪರೂಪ. 1982ರ 'ಫುರುಯಾಶಿಕಿ ಹಳ್ಳಿ'ಯಲ್ಲಿ ಇದರ ಫಲ ಕಾಣುತ್ತದೆ. ಮಗಿನೊ ಬಳಿಯ, ಎಂಟೇ ಮನೆ ಉಳಿದಿದ್ದ ಆ ಬೆಟ್ಟದೂರಿನ ಬೆಳೆ ಶೀತಕ್ಕೆ ಸಿಕ್ಕಿದಾಗ, ತಂಡ ಕಣಿವೆಯ ಮಾದರಿ ಮಾಡಿ ತಂಪು ಗಾಳಿ ಗದ್ದೆಗಿಳಿಯುವ ಬಗೆಯನ್ನು ಒಣ ಮಂಜುಗಡ್ಡೆಯ ಹೊಗೆಯಲ್ಲಿ ತೋರಿಸುತ್ತದೆ. ಭತ್ತ ಕಳೆದುಕೊಳ್ಳುವ ಭಯ ತನಗೂ ಇದ್ದವನಿಗೆ ಮಾತ್ರ ಹೊಳೆಯುವ ದೃಶ್ಯ ಅದು. ಈ ಚಿತ್ರಕ್ಕೆ 1984ರ ಬರ್ಲಿನ್ ಚಿತ್ರೋತ್ಸವದಲ್ಲಿ ವಿಮರ್ಶಕರ ಪ್ರಶಸ್ತಿ ಬಂತು.

1986ರಲ್ಲಿ ಮುಗಿದ, 222 ನಿಮಿಷಗಳ ಮಗಿನೊ ಚಿತ್ರದಲ್ಲಿ ಸಹಯೋಗ ಬೇರೆಯೇ ರೂಪ ತಾಳುತ್ತದೆ. ಭತ್ತದ ಹೂ ಬಿರಿಯುವ ದೃಶ್ಯದ ಪಕ್ಕದಲ್ಲೇ ಊರಿನ ಹಳೆಯ ರೈತದಂಗೆಯ ಕಥೆಯಿದೆ. ತಮ್ಮ ಪೂರ್ವಿಕರ ಪಾತ್ರಗಳನ್ನು ಹಳ್ಳಿಗರೇ ವಹಿಸುತ್ತಾರೆ. ಬುತೋ ನೃತ್ಯದ ಹಿಜಿಕಾತಾ ತತ್ಸುಮಿಯಂಥ ವೃತ್ತಿಪರರೂ ಅವರ ಜತೆಗಿದ್ದಾರೆ. ಹಳ್ಳಿಗರ ನಟನೆ ಒಡ್ಡೊಡ್ಡಾಗಿದೆ. ಆದರೆ ಆ ಒಡ್ಡುತನವೇ ಚಿತ್ರದ ಬಲ, ಏಕೆಂದರೆ ಸತ್ತವರ ಮಾತನ್ನು ಇಲ್ಲಿ ಆಡುತ್ತಿರುವವರು ಅದೇ ಮಣ್ಣಿನ ವಾರಸುದಾರರು. ಸಂದರ್ಶನದಲ್ಲಿ ಉತ್ತರ ಹೇಳುವುದಕ್ಕಿಂತ ಇದು ದೊಡ್ಡ ಪಾಲುಗಾರಿಕೆ.

ಒಗಾವಾನನ್ನು ಹೊಗಳುವವರು ಸಾಮಾನ್ಯವಾಗಿ ಇಲ್ಲಿಗೇ ನಿಲ್ಲುತ್ತಾರೆ. ತಂಡದ ಒಳಗಿನ ಕಥೆ ಅಷ್ಟು ಸುಂದರವಲ್ಲ. ಹೆಸರಿಗೆ ಸಮೂಹವಾದರೂ ಕೊನೆಯ ಮಾತು ಒಗಾವಾನದೇ; ಅಡುಗೆಮನೆಯ ಹೊರೆ ಹೆಚ್ಚಾಗಿ ಹೆಂಗಸರದು; ಸಾಲ ಬೆಳೆಯುತ್ತಲೇ ಇತ್ತು. ಅಮೆರಿಕದ ಬಾರ್ಬರಾ ಹ್ಯಾಮರ್ 2000ದಲ್ಲಿ ಈ ತಂಡದ ಬಗ್ಗೆಯೇ ಒಂದು ಚಿತ್ರ ಮಾಡಿ, ಹಳೆಯ ಸದಸ್ಯರಿಂದ ಈ ಸಂಗತಿಗಳನ್ನು ಹೇಳಿಸಿದರು. ಊರವರೊಂದಿಗೆ ಸಾಧಿಸಿದ ಸಮಾನತೆ ಸ್ವಂತ ಬಿಡಾರದಲ್ಲಿ ಸಾಧ್ಯವಾಗಲಿಲ್ಲ ಎಂಬುದು ಈ ಪದ್ಧತಿಯ ನಿಜವಾದ ದೋಷ. ಚಿತ್ರಗಳು ಅದನ್ನು ಎಲ್ಲಿಯೂ ಒಪ್ಪಿಕೊಳ್ಳುವುದಿಲ್ಲ.

ಒಗಾವಾ 1992ರಲ್ಲಿ ತೀರಿಕೊಂಡ. ಅವನೂ ಕೈಜೋಡಿಸಿ 1989ರಲ್ಲಿ ಆರಂಭವಾದ ಯಮಗಾತಾ ಅಂತರರಾಷ್ಟ್ರೀಯ ಸಾಕ್ಷ್ಯಚಿತ್ರೋತ್ಸವ ಎರಡು ವರ್ಷಕ್ಕೊಮ್ಮೆ ನಡೆಯುತ್ತದೆ; ಏಷ್ಯಾದ ಚಿತ್ರಕಾರರಿಗೆ ಅಲ್ಲಿ ಅವನ ಹೆಸರಿನ ಬಹುಮಾನವಿದೆ. ಅವನ ಚಿತ್ರಗಳನ್ನು ಹೊಸದಾಗಿ ನೋಡುವವರು 'ಫುರುಯಾಶಿಕಿ'ಯಿಂದ ಶುರುಮಾಡುವುದು ಒಳ್ಳೆಯದು. ಅದೂ ಮೂರೂವರೆ ಗಂಟೆಯದೇ.