ನೋಡುವವರ ಕಥೆ, ನೋಡಿಸಿಕೊಂಡವರ ಕಥೆ

ಅಮೆರಿಕದ ವಿಜ್ಞಾನ ಕಥನವನ್ನು ಬಹುಕಾಲ ಆಳಿದ್ದು ಎಂಜಿನಿಯರನ ಮನಸ್ಸು. ‘ಅಸ್ಟೌಂಡಿಂಗ್’ ಪತ್ರಿಕೆಯ ಸಂಪಾದಕ ಜಾನ್ ಕ್ಯಾಂಬೆಲ್ ಬಯಸಿದ್ದು ಬಿಡಿಸಬಹುದಾದ ಒಂದು ಸಮಸ್ಯೆ, ಅದನ್ನು ಬಿಡಿಸಬಲ್ಲ ಒಬ್ಬ ಗಂಡಸು. ಹೊಸ ಗ್ರಹದ ಜನ ಏನು ಉಣ್ಣುತ್ತಾರೆ, ಯಾರನ್ನು ನೆಂಟರೆನ್ನುತ್ತಾರೆ, ಸತ್ತವರನ್ನು ಏನು ಮಾಡುತ್ತಾರೆ ಎಂದು ಕೇಳುವ ಕವಲೊಂದು ಪಕ್ಕದಲ್ಲಿ ಸಣ್ಣಗೆ ಹರಿಯುತ್ತಿತ್ತು. ಸ್ವತಃ ಮಾನವಶಾಸ್ತ್ರಜ್ಞನಾಗಿದ್ದ ಟೆಕ್ಸಾಸಿನ ಚಾಡ್ ಆಲಿವರ್ 1950ರ ದಶಕದಲ್ಲೇ ಆ ದಾರಿ ಹಿಡಿದಿದ್ದ. ಆದರೆ ಅದಕ್ಕೆ ಪರಂಪರೆಯ ತೂಕ ಬಂದದ್ದು ಅರ್ಸುಲಾ ಕೆ. ಲೆ ಗ್ವಿನ್ (1929–2018) ಅವರಿಂದ. ಅವರ ಹಿರಿಮೆಯನ್ನು ಕಲ್ಪನೆಯ ವಿಸ್ತಾರದಲ್ಲಿ ಕಾಣುವವರ ಮಾತನ್ನು ನಾನು ಪೂರ್ತಿ ಒಪ್ಪುವುದಿಲ್ಲ. ಇನ್ನೊಬ್ಬರ ಬದುಕನ್ನು ನೋಡಿ ಬರೆಯುವ ಹಕ್ಕು ಯಾರದು ಎಂಬ ಪ್ರಶ್ನೆ ಅವರನ್ನು ಕೊನೆಯವರೆಗೂ ಕಾಡಿತು. ಅವರ ಬರವಣಿಗೆಯನ್ನು ಬೆಳೆಸಿದ್ದು ಅದೇ.

ಆ ಪ್ರಶ್ನೆ ಅವರ ಮನೆಯಲ್ಲೇ ಇತ್ತು. ತಂದೆ ಆಲ್ಫ್ರೆಡ್ ಕ್ರೋಬರ್ ಬರ್ಕ್ಲಿಯಲ್ಲಿ ಮಾನವಶಾಸ್ತ್ರ ವಿಭಾಗ ಕಟ್ಟಿದವರು. 1911ರಲ್ಲಿ ಕ್ಯಾಲಿಫೋರ್ನಿಯಾದ ಓರೊವಿಲ್ ಊರಿಗೆ ಹಸಿದು ಬಂದ, ಯಾಹಿ ಜನರಲ್ಲಿ ಕೊನೆಯವನಾಗಿ ಉಳಿದಿದ್ದ ಒಬ್ಬನನ್ನು ಸ್ಯಾನ್ ಫ್ರಾನ್ಸಿಸ್ಕೋದ ಮ್ಯೂಸಿಯಮ್ಮಿಗೆ ಕರೆಸಿಕೊಂಡವರು. ಅವನಿಗೆ ಇಶಿ ಎಂದು ಹೆಸರಾಯಿತು. ವಾಸವೂ ಮ್ಯೂಸಿಯಮ್ಮಿನಲ್ಲೇ, ಭಾನುವಾರ ಬರುವ ಜನರೆದುರು ಬಾಣದ ಮೊನೆ ಕೆತ್ತಿ ತೋರಿಸುತ್ತಿದ್ದ. 1916ರಲ್ಲಿ ಕ್ಷಯದಿಂದ ತೀರಿಕೊಂಡ. ಶವವನ್ನು ಕೊಯ್ಯಬೇಡಿ ಎಂದು ಕ್ರೋಬರ್ ದೂರದಿಂದ ಕಾಗದ ಬರೆದರು, ಅದು ತಲುಪುವಷ್ಟರಲ್ಲಿ ಕೊಯ್ದಾಗಿತ್ತು. ಮುಂದೆ, ತೆಗೆದಿಟ್ಟಿದ್ದ ಮೆದುಳನ್ನು ಸ್ಮಿತ್ಸೋನಿಯನ್ ಸಂಸ್ಥೆಗೆ ಕಳಿಸಿದವರೂ ಅವರೇ. ಅದು ಇಶಿಯ ಬಳಗದ ಬುಡಕಟ್ಟುಗಳ ಕೈಸೇರಿದ್ದು 2000ದಲ್ಲಿ. ಇಶಿಯ ಬದುಕನ್ನು 1961ರಲ್ಲಿ ಪುಸ್ತಕವಾಗಿಸಿದ ತಾಯಿ ಥಿಯೊಡೊರಾ ಅವನನ್ನು ಕಂಡವರಲ್ಲ. ನೋಡುವವನ ಪ್ರೀತಿ ನಿಜವಾಗಿದ್ದರೂ ನೋಡಿಸಿಕೊಂಡವನನ್ನು ಅದು ಕಾಪಾಡಲಾರದು ಎಂಬುದಕ್ಕೆ ಇದಕ್ಕಿಂತ ಕಠಿಣ ಸಾಕ್ಷಿ ನನಗೆ ಗೊತ್ತಿಲ್ಲ.

1969ರ ‘ದಿ ಲೆಫ್ಟ್ ಹ್ಯಾಂಡ್ ಆಫ್ ಡಾರ್ಕ್‌ನೆಸ್’ ಓದುವಾಗ ಈ ಹಿನ್ನೆಲೆ ನೆನಪಿರಬೇಕು. ಹಿಮ ಮುಚ್ಚಿದ ಗೆಥೆನ್ ಗ್ರಹದ ಜನ ತಿಂಗಳ ಬಹುಪಾಲು ದಿನ ಗಂಡೂ ಅಲ್ಲ ಹೆಣ್ಣೂ ಅಲ್ಲ; ಕೆಲವೇ ದಿನ ಎರಡರಲ್ಲಿ ಒಂದಾಗುತ್ತಾರೆ. ಇವತ್ತು ಹೆತ್ತವರು ನಾಳೆ ಇನ್ನೊಂದು ಮಗುವಿಗೆ ತಂದೆಯಾಗಬಹುದು. ಭೂಮಿಯಿಂದ ಬಂದ ರಾಯಭಾರಿ ಗೆನ್ಲಿ ಐ ಇದನ್ನೆಲ್ಲ ವರದಿ ಮಾಡುತ್ತಾನೆ. ವರದಿಯ ನಡುವೆ ಗೆಥೆನ್‌ನ ದಂತಕಥೆಗಳು, ಹಿಂದೆ ಬಂದುಹೋದ ತಜ್ಞೆಯ ಟಿಪ್ಪಣಿಗಳು, ದೇಶಭ್ರಷ್ಟ ಪ್ರಧಾನಿ ಎಸ್ಟ್ರಾವೆನ್‌ನ ದಿನಚರಿ. ಕಾದಂಬರಿಯ ಜಾಣ್ಮೆಯೆಲ್ಲ ಈ ಜೋಡಣೆಯಲ್ಲಿದೆ: ಗೆನ್ಲಿ ತಪ್ಪಾಗಿ ನೋಡುತ್ತಿದ್ದಾನೆಂದು ನಮಗೆ ಅವನಿಗಿಂತ ಮೊದಲೇ ತಿಳಿಯುತ್ತದೆ. ಇಬ್ಬರೂ ಹಿಮನದಿ ದಾಟುವ ಅಧ್ಯಾಯಗಳಲ್ಲಿ, ಒಂದೇ ಗುಡಾರದ ಇಕ್ಕಟ್ಟಿನಲ್ಲಿ, ಅವನ ಕಣ್ಣು ನಿಧಾನವಾಗಿ ತೆರೆಯುತ್ತದೆ. ಆದರೆ ಲೇಖಕಿಯ ಕಣ್ಣೂ ಪೂರ್ತಿ ತೆರೆದಿರಲಿಲ್ಲ. ಗೆಥೆನ್‌ನವರಿಗೆಲ್ಲ ಗಂಡಸಿನ ಸರ್ವನಾಮ ಹಚ್ಚಿದರು. ನಾವು ಕಾಣುವುದು ರಾಜ, ಮಂತ್ರಿ, ಸಂಚು, ಸೆರೆಮನೆ. ಮಗುವಿಗೆ ಉಣಿಸುವ ಎಸ್ಟ್ರಾವೆನ್ ಎಲ್ಲೂ ಇಲ್ಲ. ಸ್ತ್ರೀವಾದಿಗಳು ಇದನ್ನು ಎತ್ತಿ ತೋರಿಸಿದಾಗ 1976ರ ಪ್ರಬಂಧದಲ್ಲಿ ತನ್ನ ಆಯ್ಕೆಯನ್ನು ಸಮರ್ಥಿಸಿಕೊಂಡರು. ಸುಮಾರು ಹತ್ತು ವರ್ಷದ ನಂತರ ಅದೇ ಪ್ರಬಂಧವನ್ನು ಮತ್ತೆ ಅಚ್ಚು ಹಾಕಿಸಿ, ಹಳೆಯ ವಾದವನ್ನು ಅಳಿಸದೆ, ಅದರ ಪಕ್ಕದಲ್ಲೇ ತನ್ನ ಆಕ್ಷೇಪಗಳನ್ನು ಬರೆದರು. ಗೆದ್ದ ಪುಸ್ತಕವನ್ನು ಹೀಗೆ ಬಹಿರಂಗವಾಗಿ ತಿದ್ದಲು ಕೂತ ಲೇಖಕರು ವಿರಳ. ಹ್ಯೂಗೊ, ನೆಬ್ಯುಲಾ ಎರಡೂ ಪ್ರಶಸ್ತಿ ಪಡೆದಿದ್ದ ಕೃತಿ ಅದು.

ಅವೆರಡನ್ನೂ ಪಡೆದ ಇನ್ನೊಂದು ಕಾದಂಬರಿ ‘ದಿ ಡಿಸ್ಪೊಸೆಸ್ಡ್’ (1974) ಬಗ್ಗೆ ನನ್ನ ಉತ್ಸಾಹ ಕಡಿಮೆ. ಸರ್ಕಾರವಿಲ್ಲದ ಬರಡು ಅನಾರೆಸ್, ಸಿರಿವಂತ ಉರಾಸ್, ನಡುವೆ ಭೌತವಿಜ್ಞಾನಿ ಶೆವೆಕ್. ಅರಾಜಕ ಸಮಾಜದಲ್ಲೂ ಅಧಿಕಾರ ಹೇಗೆ ಮೊಳೆಯುತ್ತದೆಂದು ತೋರಿಸುವ ಭಾಗಗಳು ಅಪ್ಪಟ. ಉಳಿದೆಡೆ ಪಾತ್ರಗಳು ವಾದಗಳಿಗೆ ಬಾಯಿಯಾಗುತ್ತವೆ. ಲೇಖಕ ಸ್ಯಾಮ್ಯುಯೆಲ್ ಡಿಲೇನಿ ಆ ಕಾಲದಲ್ಲೇ ಬರೆದ ದೀರ್ಘ ಖಂಡನೆಯನ್ನು ಅಲ್ಲಗಳೆಯುವುದು ಕಷ್ಟ.

ನಿಜವಾದ ತಿರುವು ಬಂದದ್ದು ಮಾಂತ್ರಿಕ ಲೋಕದಲ್ಲಿ. 1968ರ ‘ಎ ವಿಝರ್ಡ್ ಆಫ್ ಅರ್ಥ್‌ಸೀ’ಯ ನಾಯಕ ಗೆಡ್ ಕೆಂಗಂದು ಮೈಬಣ್ಣದವನು. ಅರ್ಥ್‌ಸೀ ದ್ವೀಪಸಮೂಹದ ಹೆಚ್ಚಿನವರೆಲ್ಲ ಕಪ್ಪು, ಕಂದು ಜನ. ಮುಖಪುಟದ ಚಿತ್ರಕಾರರೂ 2004ರಲ್ಲಿ ಅದನ್ನು ಟೀವಿಗೆ ತಂದವರೂ ಗೆಡ್‌ನನ್ನು ಬಿಳಿಯನನ್ನಾಗಿಸಿದಾಗ ಲೆ ಗ್ವಿನ್ ಸಿಟ್ಟಾದರು. ಹೀಗೆ ಬಣ್ಣದಲ್ಲಿ ಹಳೆಯ ಕಟ್ಟು ಮುರಿದವರು ಮಂತ್ರವಿದ್ಯೆಯ ಶಾಲೆಯನ್ನು ಮಾತ್ರ ಗಂಡಸರಿಗೇ ಬಿಟ್ಟಿದ್ದರು. ಅರ್ಥ್‌ಸೀ ಸರಣಿಯ ಮೂರನೆಯ ಪುಸ್ತಕ ಬಂದು ಹದಿನೆಂಟು ವರ್ಷವಾದ ಮೇಲೆ, 1990ರಲ್ಲಿ ‘ಟೆಹಾನು’ ಬಂತು. ಗೆಡ್ ಶಕ್ತಿಯೆಲ್ಲ ಕಳೆದುಕೊಂಡು ಮರಳುತ್ತಾನೆ. ಕಥೆ ಈಗ ರೈತನ ವಿಧವೆ ಟೆನಾರ್‌ಳದು, ಅವಳು ಸಾಕುವ, ಬೆಂಕಿಯಲ್ಲಿ ಸುಟ್ಟ ಮುಖದ ಹೆಣ್ಣುಮಗುವಿನದು. ಪಾತ್ರೆ ತೊಳೆಯುವುದು, ಆಡು ಕಾಯುವುದು, ರಾತ್ರಿ ಬಾಗಿಲ ಅಗುಳಿ ಭದ್ರವಿದೆಯೇ ಎಂಬ ಭಯ – ಅದೇ ಲೋಕ, ಆದರೆ ಅಡುಗೆಮನೆಯ ಕಡೆಯಿಂದ. ನಾಯಕನಿಗೆ ಅವಮಾನ ಮಾಡಿದರೆಂದು ಕೆಲವು ಓದುಗರು ದೂರಿದರು. ಖಳ ಮಾಂತ್ರಿಕ ತೀರಾ ಕಪ್ಪುಬಿಳುಪಿನ ಪಾತ್ರ, ಕೊನೆಯಲ್ಲಿ ಡ್ರ್ಯಾಗನ್ ಬಂದು ಎಲ್ಲ ಇತ್ಯರ್ಥವಾಗುವುದೂ ಅವಸರದ್ದು. ಆದರೂ ಅವರ ಎಲ್ಲ ಪುಸ್ತಕಗಳಲ್ಲಿ ಅತ್ಯಂತ ಧೈರ್ಯದ್ದು ಇದೇ ಎನ್ನುತ್ತೇನೆ.

ನೋಡಿಸಿಕೊಂಡವರ ಕಡೆಯಿಂದ ಕಥೆ ಹೇಳುವ ಈ ಹಾದಿಯನ್ನು ಅವರು ಮತ್ತೆ ವಿಜ್ಞಾನ ಕಥನಕ್ಕೂ ತಂದರು. 1995ರ ‘ಎ ವುಮನ್ಸ್ ಲಿಬರೇಶನ್’ ನೀಳ್ಗತೆಯಲ್ಲಿ ಗುಲಾಮಳಾಗಿ ಹುಟ್ಟಿದ ರಾಕಮ್ ತನ್ನ ಬದುಕನ್ನು ತಾನೇ ಬರೆಯುತ್ತಾಳೆ. ಬೇರೆ ಗ್ರಹದ ರಾಯಭಾರಿ ಅವಳ ಕಥೆಯಲ್ಲಿ ಒಂದು ಪಾತ್ರವಷ್ಟೇ. ಆದರೆ ಹಾದಿ ನೇರವಾಗಿರಲಿಲ್ಲ. 2000ದ ‘ದಿ ಟೆಲ್ಲಿಂಗ್’ನಲ್ಲಿ ಮತ್ತೆ ವೀಕ್ಷಕಿಯೇ ಬರುತ್ತಾಳೆ. ಭಾರತೀಯ ಮೂಲದ ಸುತ್ತಿ, ಹಳೆಯ ಪುಸ್ತಕಗಳನ್ನೆಲ್ಲ ನಿಷೇಧಿಸಿದ ಆಕಾ ಗ್ರಹದಲ್ಲಿ, ಬಚ್ಚಿಟ್ಟ ಕಥೆಗಳನ್ನು ಕೇಳಿ ದಾಖಲಿಸುತ್ತಾಳೆ. ಮಾವೋ ಕಾಲದ ಚೀನಾದಲ್ಲಿ ದಾವೊ ಧರ್ಮಕ್ಕೆ ಆದದ್ದು ಅವರ ಮನಸ್ಸಿನಲ್ಲಿತ್ತು. ಪುಟಗಟ್ಟಲೆ ಕೇಳಿಸಿಕೊಳ್ಳುವುದರಲ್ಲೇ ಕಳೆಯುತ್ತದೆ, ಗೌರವ ತುಂಬಿದ ಆ ಪುಟಗಳಲ್ಲಿ ಬಿಸಿ ಕಡಿಮೆ. ಪುಸ್ತಕ ಉಸಿರಾಡುವುದು ಅವಳ ಬೆನ್ನು ಹತ್ತಿ ಬಂದ ಸರ್ಕಾರಿ ಅಧಿಕಾರಿ ಯಾರಾ, ಬೆಟ್ಟದ ಗವಿಯಲ್ಲಿ ಗಾಯಗೊಂಡು ಬಿದ್ದು, ತನ್ನ ಬಾಲ್ಯವನ್ನು ತಾನೇ ಹೇಳತೊಡಗಿದಾಗ.