ಮ್ಯಾಕ್ಸ್ ಲಿಂಡರ್ ಯಾರಿಗೂ ಮುನ್ನುಡಿಯಲ್ಲ

ಸಿನಿಮಾ ಇತಿಹಾಸದ ಯಾವ ಪುಸ್ತಕ ತೆರೆದರೂ ಮ್ಯಾಕ್ಸ್ ಲಿಂಡರ್‌ಗೆ ಸಿಗುವುದು ಅದೇ ಒಂದು ವಾಕ್ಯ: ಚಾಪ್ಲಿನ್‌ಗೆ ದಾರಿ ಮಾಡಿಕೊಟ್ಟವನು. ಕನ್ನಡದಲ್ಲಿ ಮೂಕಿ ಚಿತ್ರಗಳ ಬಗ್ಗೆ ಬರೆಯುವವರೂ ಅದನ್ನೇ ಎತ್ತಿಕೊಂಡು ಮುಂದಿನ ಪುಟಕ್ಕೆ ಹೊರಟುಬಿಡುತ್ತಾರೆ. ಚಾಪ್ಲಿನ್ ತನ್ನ ಫೋಟೊ ಮೇಲೆ ಲಿಂಡರ್‌ನನ್ನು ಗುರುವೆಂದೂ ತನ್ನನ್ನು ಶಿಷ್ಯನೆಂದೂ ಬರೆದುಕೊಟ್ಟದ್ದು ಈ ತೀರ್ಪಿಗೆ ಮೊಹರಾಗಿ ಕೂತಿದೆ. ದೊಡ್ಡ ಕಲಾವಿದನೊಬ್ಬ ಸೌಜನ್ಯದಿಂದ ಹೇಳಿದ್ದನ್ನು ವಿಮರ್ಶೆ ಎಂದು ಹಿಡಿದುಕೊಂಡು ನೂರು ವರ್ಷ ಕಳೆದೆವು. ನನಗೆ ಸಿಟ್ಟು ಬರುವುದು ಇಲ್ಲೇ. ಗುರುವಿನ ಪೀಠ ಹಾಕಿ ಕೂರಿಸಿ, ಅವನ ಚಿತ್ರಗಳನ್ನು ನೋಡುವ ಕೆಲಸದಿಂದ ತಪ್ಪಿಸಿಕೊಂಡಿದ್ದೇವೆ.

1883ರಲ್ಲಿ ಬೋರ್ಡೊ ಬಳಿಯ ಸ್ಯಾಂ ಲುಬೆಸ್‌ನಲ್ಲಿ, ದ್ರಾಕ್ಷಿ ಬೆಳೆಯುವ ಮನೆತನದಲ್ಲಿ ಹುಟ್ಟಿ, ಮುಂದೆ ಮ್ಯಾಕ್ಸ್ ಲಿಂಡರ್ ಎನಿಸಿಕೊಂಡ ಗೇಬ್ರಿಯಲ್ ಲ್ಯುವಿಯೆಲ್ ಎಂಬ ಹುಡುಗ ನಾಟಕ ಕಲಿತು, ಪ್ಯಾರಿಸ್ ಸೇರಿ, 1905ರಲ್ಲಿ ಪಾಥೆ ಕಂಪನಿಯ ಕ್ಯಾಮೆರಾ ಮುಂದೆ ನಿಂತ. ಆಗಿನ ಫ್ರೆಂಚ್ ಹಾಸ್ಯಚಿತ್ರಗಳೆಂದರೆ ಓಡುವುದು, ಬೀಳುವುದು, ಅಂಗಡಿ ಸಾಮಾನು ಪುಡಿ ಮಾಡುವುದು. ಆಂದ್ರೆ ದೀದ್‌ನ ಬುವಾರೊ ಪಾತ್ರ ಈ ಶಾಲೆಯ ಮೊದಲ ದೊರೆ. ಪಾಥೆಯ ಎದುರಾಳಿ ಗೋಮೋಂಗಾಗಿ ಜಾನ್ ದ್ಯುರಾಂನ ತಂಡ ಆಮೇಲೆ ಅದನ್ನೇ ಇನ್ನಷ್ಟು ಗದ್ದಲದಿಂದ ಮಾಡಿತು. ಪಂಡಿತರು ಇವರಲ್ಲಿ ಅರಾಜಕತೆಯ ಸೊಗಸನ್ನು ಕಾಣುತ್ತಾರೆ. ನನಗೆ ಕಾಣುವುದು ದಣಿವು ಮಾತ್ರ. ಹತ್ತು ಕುರ್ಚಿ ಮುರಿದ ಮೇಲೆ ಹನ್ನೊಂದನೆಯದು ಮುರಿದರೆ ನಗುವುದಕ್ಕೇನಿದೆ?

ಲಿಂಡರ್ ಈ ಗದ್ದಲದೊಳಕ್ಕೆ ಮರ್ಯಾದಸ್ಥನೊಬ್ಬನನ್ನು ಕರೆತಂದ. ರೇಷ್ಮೆಯ ಉದ್ದ ಟೋಪಿ, ಒಪ್ಪವಾದ ಕೋಟು, ಕೈಯಲ್ಲಿ ಬೆತ್ತ, ತೀಡಿದ ಮೀಸೆ. 1907ರ ಸ್ಕೇಟಿಂಗ್ ಚಿತ್ರದಲ್ಲಿ ಇದೇ ಉಡುಪಿನಲ್ಲಿ ಹಿಮದ ಮೇಲೆ ಜಾರಿ ಜಾರಿ ಬೀಳುತ್ತಾನೆ. ಬೀಳುವುದರಲ್ಲಿ ಹೊಸದೇನೂ ಇಲ್ಲ. ಬಿದ್ದ ಮೇಲೂ ಏನೂ ಆಗಲಿಲ್ಲವೆಂಬಂತೆ ಎದ್ದು ನಿಲ್ಲಲು ಪಡುವ ಪಾಡು ಹೊಸದು. ಅಲ್ಲಿಂದಾಚೆಗೆ ಅವನ ಹಾಸ್ಯವೆಲ್ಲ ಈ ಮರ್ಯಾದೆ ಕಾಯುವ ಹೆಣಗಾಟದ ಸುತ್ತಲೇ ಬೆಳೆಯಿತು.

1910ರ ಸ್ನಾನದ ಚಿತ್ರವನ್ನೇ ನೋಡಿ. ಮ್ಯಾಕ್ಸ್ ಸ್ನಾನದ ತೊಟ್ಟಿ ಕೊಂಡು ಮನೆಗೆ ತರುತ್ತಾನೆ, ಆದರೆ ನಲ್ಲಿ ಇರುವುದು ಹೊರಗಿನ ಮೊಗಸಾಲೆಯಲ್ಲಿ. ಪುಟ್ಟ ಪಾತ್ರೆಯಲ್ಲಿ ನೀರು ಹೊತ್ತು ಸಾಕಾಗಿ ತೊಟ್ಟಿಯನ್ನೇ ನಲ್ಲಿಯ ಹತ್ತಿರ ಎಳೆದು ಸ್ನಾನಕ್ಕೆ ಕೂರುತ್ತಾನೆ. ನೆರೆಹೊರೆಯವರಿಗೆ ಗಾಬರಿ, ಪೊಲೀಸರು ಬಂದು ತೊಟ್ಟಿಯ ಸಮೇತ ಠಾಣೆಗೆ ಹೊತ್ತೊಯ್ಯುತ್ತಾರೆ. ಕೊನೆಗೆ ತೊಟ್ಟಿಯನ್ನು ಬೆನ್ನ ಮೇಲೆ ಬೋರಲು ಹಾಕಿಕೊಂಡು ಆಮೆಯ ಹಾಗೆ ಗೋಡೆ ಹತ್ತಿ ಪಾರಾಗುತ್ತಾನೆ. ಪ್ರತಿ ಹೆಜ್ಜೆಯೂ ಹಿಂದಿನದರಿಂದ ತಾನಾಗಿ ಹುಟ್ಟುತ್ತದೆ. ನಲ್ಲಿ ಒಳಗಿದ್ದಿದ್ದರೆ ಈ ಚಿತ್ರವೇ ಇರುತ್ತಿರಲಿಲ್ಲ. ಇದು ಕಟ್ಟುವ ವಿದ್ಯೆ. ದೀದ್‌ಗೆ ಜೀವಮಾನದಲ್ಲಿ ದಕ್ಕದ್ದು.

ಇನ್ನೂ ಮೇಲಿನದು 1911ರ ಸಿಂಕೋನಾ ಮದ್ಯದ ಚಿತ್ರ. ವೈದ್ಯರ ಸಲಹೆಯಂತೆ ಔಷಧದ ವೈನನ್ನು ಒಂದೇ ಲೋಟ ಕುಡಿಯುತ್ತಾನೆ, ಆದರೆ ಲೋಟ ದೈತ್ಯಗಾತ್ರದ್ದು. ಅಮಲಿನಲ್ಲಿ ಒಬ್ಬರ ಮೇಲೊಬ್ಬರಂತೆ ಗಣ್ಯರೊಡನೆ ಜಗಳ ತೆಗೆಯುತ್ತಾನೆ. ಅವರು ದ್ವಂದ್ವಯುದ್ಧಕ್ಕೆ ಕರೆದು ತಮ್ಮ ವಿಸಿಟಿಂಗ್ ಕಾರ್ಡ್ ಕೊಟ್ಟು ಹೋಗುತ್ತಾರೆ. ಬೀದಿಯಲ್ಲಿ ತೂರಾಡುವವನನ್ನು ಹಿಡಿದ ಪೊಲೀಸರು ಜೇಬಿನ ಕಾರ್ಡ್ ಓದುತ್ತಾರೆ, ಸೆಲ್ಯೂಟ್ ಹೊಡೆಯುತ್ತಾರೆ, ಆ ಗಣ್ಯರ ಮನೆಗೇ ಗೌರವದಿಂದ ಬಿಟ್ಟು ಬರುತ್ತಾರೆ. ಒಂದು ಸಮಾಜ ಮನುಷ್ಯನ ಮುಖ ಬಿಟ್ಟು ಕಾಗದದ ತುಂಡಿಗೆ ನಮಸ್ಕರಿಸುವುದನ್ನು ಇಷ್ಟು ಹಗುರಾಗಿ, ಇಷ್ಟು ಖಚಿತವಾಗಿ ತೋರಿಸಿದ ಚಿತ್ರ ಆ ಕಾಲದಲ್ಲಿ ಇನ್ನೊಂದು ನನಗೆ ಗೊತ್ತಿಲ್ಲ. ಇದು ಯಾವುದಕ್ಕೂ ತಯಾರಿಯಲ್ಲ. ಇದಾದ ಮೂರು ವರ್ಷಕ್ಕೆ ಚಾಪ್ಲಿನ್ ಮೊದಲ ಸಲ ಕ್ಯಾಮೆರಾ ಮುಂದೆ ಬಂದ.

ಮಹಾಯುದ್ಧ ಲಿಂಡರ್‌ನ ಆರೋಗ್ಯವನ್ನು ಕೆಡಿಸಿತು. ಚಾಪ್ಲಿನ್ ಬಿಟ್ಟುಹೋದ ಜಾಗ ತುಂಬಲು ಎಸನೇ ಕಂಪನಿ ಅವನನ್ನು ಅಮೆರಿಕಕ್ಕೆ ಕರೆಸಿಕೊಂಡು, ಮೂರೇ ಚಿತ್ರಗಳಿಗೆ ಸುಮ್ಮನಾಯಿತು. ಮತ್ತೆ ಹೋಗಿ 1921ರಲ್ಲಿ ಮಾಡಿದ 'ಸೆವೆನ್ ಇಯರ್ಸ್ ಬ್ಯಾಡ್ ಲಕ್' ಚಿತ್ರದ ಕನ್ನಡಿ ದೃಶ್ಯವನ್ನು ಎಲ್ಲರೂ ಹೊಗಳುತ್ತಾರೆ. ಹಾಗೆ ಹೊಗಳುವಾಗಲೂ 1933ರಲ್ಲಿ ಇಂಥದೇ ದೃಶ್ಯ ಮಾಡಿದ ಮಾರ್ಕ್ಸ್ ಸಹೋದರರ ಹೆಸರು ತರುತ್ತಾರೆ. ಪಾಪದವನನ್ನು ಮತ್ತೆ ಯಾರದೋ ಮುಂಗಾವಲಿಗೆ ನಿಲ್ಲಿಸುತ್ತಾರೆ. ಒಡೆದ ಕನ್ನಡಿಯ ಚೌಕಟ್ಟಿನಲ್ಲಿ ಅಡುಗೆಯವನು ಯಜಮಾನನ ವೇಷದಲ್ಲಿ ನಿಂತು ಅವನ ಕ್ಷೌರವನ್ನು ಅನುಕರಿಸುವಾಗ, ಲಿಂಡರ್‌ನ ಕಣ್ಣಲ್ಲಿ ಅನುಮಾನ ಏರಿ ಇಳಿಯುವುದನ್ನು ಗಮನಿಸಿ. ತನ್ನ ಪ್ರತಿಬಿಂಬದ ಎದುರಿಗೂ ಅವನು ಸಭ್ಯನಾಗಿಯೇ ಇರುತ್ತಾನೆ.

ಹಾಗಾದರೆ ಅವನನ್ನು ಹಿಂದಕ್ಕೆ ತಳ್ಳಿದ್ದು ಯಾವುದು? ಕಣ್ಣೀರು ಬೆರೆಯದ ನಗೆ ಕಲೆಯಲ್ಲ ಎಂಬ ನಮ್ಮ ಹಳೆಯ ನಂಬಿಕೆ. ಚಾಪ್ಲಿನ್‌ನ ಅಲೆಮಾರಿಗೆ ಹಸಿವಿದೆ, ಬಡತನವಿದೆ. ಅವನನ್ನು ಮೆಚ್ಚಿದರೆ ನಾವು ಒಳ್ಳೆಯವರೆಂಬ ಸಮಾಧಾನವೂ ಜೊತೆಗೆ ಸಿಗುತ್ತದೆ. ಮ್ಯಾಕ್ಸ್ ಸಿರಿವಂತ, ಸೋಮಾರಿ, ಶೋಕಿವಾಲ. ಅವನು ನಮ್ಮ ಮರುಕ ಕೇಳುವುದೇ ಇಲ್ಲ. ಸಂದೇಶ ಹುಡುಕುವ ವಿಮರ್ಶೆಗೆ ಅಲ್ಲಿ ಕೈಗೆ ಹತ್ತುವುದೇನೂ ಇಲ್ಲ. ನಗೆಯನ್ನು ಕಾಳಜಿಯ ತಕ್ಕಡಿಯಲ್ಲೇ ತೂಗುವ ಈ ಚಟದಿಂದ, ಬರೀ ನಗಿಸಬಲ್ಲವರನ್ನೆಲ್ಲ ಎರಡನೇ ಸಾಲಿಗೆ ಅಟ್ಟಿದ್ದೇವೆ.

ಚಿತ್ರಗಳಲ್ಲಿ ದುಃಖ ಸಿಗದಿದ್ದಾಗ ಅದೇ ಅಭಿರುಚಿ ಅವನ ಬದುಕನ್ನು ಅಗೆಯಿತು. 1925ರ ಅಕ್ಟೋಬರ್ ಕೊನೆಯಲ್ಲಿ ಪ್ಯಾರಿಸ್ಸಿನಲ್ಲಿ ಅವನೂ ಹೆಂಡತಿ ನಿನೆಟ್ ಪೀಟರ್ಸ್ ಕೂಡ ಸತ್ತರು. ನಗುವ ಮುಖದ ಹಿಂದೆ ಅಳುವ ವಿದೂಷಕ ಎಂಬ ಸವಕಲು ಕಥೆಗೆ ಇಷ್ಟು ಸಾಕಾಯಿತು. ಆ ಕಥೆಯಲ್ಲಿ ನಿನೆಟ್‌ಗೆ ಜಾಗವೇ ಇಲ್ಲ. ಅವಳಿನ್ನೂ ಎಳೆಯ ಹೆಣ್ಣು, ಗಂಡ ವಿಪರೀತ ಸಂಶಯದವನು. ಆ ಜೋಡಿ ಸಾವನ್ನು ಅಮರ ಪ್ರೇಮವೆಂದು ಬರೆಯುವುದು ಅನ್ಯಾಯ. ಲಿಂಡರ್‌ನ ಪಕ್ಷ ವಹಿಸುವ ನಾನು ಇಲ್ಲಿ ಮಾತ್ರ ಅವನ ಪರ ನಿಲ್ಲಲಾರೆ. ಆದರೆ 1911ರ ನಗೆಯೊಳಗೆ 1925ರ ಸಾವನ್ನು ಓದುವುದು ಚಿತ್ರವನ್ನು ನೋಡದೆ ಇರುವ ಇನ್ನೊಂದು ಉಪಾಯ ಅಷ್ಟೇ.

ಒಂದೂವರೆ ವರ್ಷವೂ ತುಂಬದೆ ತಬ್ಬಲಿಯಾದ ಮಗಳು ಮೋಡ್, ತಂದೆಯ ಚಿತ್ರಗಳ ಪರಿಚಯವೇ ಇಲ್ಲದೆ ಬೆಳೆದವಳು. ಆಮೇಲೆ ದಶಕಗಟ್ಟಲೆ ಚದುರಿದ ರೀಲುಗಳನ್ನು ಹುಡುಕಿ ಕೂಡಿಸಿದಳು. 1963ರಲ್ಲಿ ಅಮೆರಿಕದ ಮೂರು ಚಿತ್ರಗಳ ಸಂಕಲನವನ್ನೂ 1983ರಲ್ಲಿ ರೇಷ್ಮೆ ಟೋಪಿಯ ಮನುಷ್ಯನ ಮೇಲಿನ ಸಾಕ್ಷ್ಯಚಿತ್ರವನ್ನೂ ತೆರೆಗೆ ತಂದಳು. ಅವಳ ದುಡಿಮೆಯಿಂದ ನೋಡಲು ಸಿಕ್ಕಿದ್ದನ್ನು ಫಿಲ್ಮ್ ಸೊಸೈಟಿಗಳು ಚಾಪ್ಲಿನ್ ಉತ್ಸವದ ಮೊದಲ ಹತ್ತು ನಿಮಿಷಕ್ಕೆ ತುರುಕುವುದನ್ನು ಬಿಡಲಿ. ಒಂದು ಇಡೀ ಸಂಜೆ ಅವನ ಚಿತ್ರಗಳನ್ನೇ ಹಾಕಲಿ, ಸಿಂಕೋನಾ ಮದ್ಯದ ಚಿತ್ರದಿಂದ ಶುರುಮಾಡಲಿ.