ನಗರದ ವೈದೃಶ್ಯ: ಸಂಪಂಗಿ ಕೆರೆಯ ಸಾಕ್ಷ್ಯ

ಆಧುನಿಕ ನಗರದಲ್ಲಿ ಪರಸ್ಪರ ವಿರುದ್ಧವಾದ ಬಾಳುವೆಗಳು ಒಂದೇ ಬೀದಿಯಲ್ಲಿ ಎದುರಾಗುತ್ತವೆ. ಅದನ್ನು ಕಂಡು ಬೆರಗಾಗುವುದು ಪ್ರವಾಸಿಗೆ ಸಲ್ಲಬಹುದು. ಚರಿತ್ರಕಾರನಿಗೆ ಅಷ್ಟು ಸಾಲದು. ಬೆಂಗಳೂರಿನ ಕಂಠೀರವ ಕ್ರೀಡಾಂಗಣ ನಿಂತಿರುವುದು ಸಂಪಂಗಿ ಕೆರೆಯ ಅಂಗಳದಲ್ಲಿ. ಕೆರೆಯ ಪೈಕಿ ಒಂದು ಕಿರಿಯ ಕೊಳ ಮಾತ್ರ ಉಳಿದಿದ್ದು, ಕರಗದ ಉತ್ಸವದ ವಿಧಿಗಳು ಇಂದಿಗೂ ಅಲ್ಲಿ ನಡೆಯುತ್ತವೆ.

ಈ ಸನ್ನಿವೇಶಕ್ಕೆ ಗಂಭೀರವಾದ ವ್ಯಾಖ್ಯಾನವನ್ನಿತ್ತ ಕೃತಿ, ಡಾ. ಸ್ಮೃತಿ ಶ್ರೀನಿವಾಸರ ‘ಲ್ಯಾಂಡ್‌ಸ್ಕೇಪ್ಸ್ ಆಫ್ ಅರ್ಬನ್ ಮೆಮೊರಿ’ (೨೦೦೧). ಕರಗವು ಗತಕಾಲದ ಅವಶೇಷವಲ್ಲ, ಕೆರೆ ತೋಟಗಳ ನೆಲವನ್ನು ನಗರವು ನೆನಪಿನಲ್ಲಿಟ್ಟುಕೊಳ್ಳುವ ಜೀವಂತ ಕ್ರಮ ಎಂಬ ನೋಟವನ್ನು ಅದು ನಮಗೆ ಕೊಡುತ್ತದೆ. ‘ಹಳೆಯದು, ಹೊಸದು’ ಎಂಬ ಸವಕಲು ವಿಂಗಡಣೆಯಿಂದ ನಮ್ಮನ್ನು ಬಿಡಿಸುವುದು ಇದರ ದೊಡ್ಡ ಗುಣ.

ಆದರೂ ಒಂದು ಆಕ್ಷೇಪಕ್ಕೆ ಎಡೆಯಿದೆ. ನೆನಪು ಏನನ್ನು ಉಳಿಸಿಕೊಂಡಿತೆಂಬುದಕ್ಕೆ ಒತ್ತು ಬಿದ್ದಾಗ, ಅದು ಏಕೆ ಕಳೆಯಿತು, ಯಾರಿಗೆ ಕಳೆಯಿತು ಎಂಬ ಪ್ರಶ್ನೆಗಳು ಹಿಂದೆ ಸರಿಯುತ್ತವೆ. ೧೮೯೦ರ ದಶಕದಲ್ಲಿ ಹೆಸರಘಟ್ಟದಿಂದ ಕೊಳವೆಯ ನೀರು ಬಂದಮೇಲೆ ಊರೊಳಗಿನ ಕೆರೆಗಳನ್ನು ಮನೆಬಳಕೆಗೆ ನೆಚ್ಚುವುದು ಕ್ರಮೇಣ ತಪ್ಪಿತು. ಜಲಾಶ್ರಯವಾಗಿದ್ದುದು ಆಡಳಿತದ ಕಣ್ಣಿಗೆ ಬರಿಯ ನಿವೇಶನವಾಗಿ ತೋರಿತು. ಧರ್ಮಾಂಬುಧಿ ಕೆರೆಯ ಅಂಗಳವೂ ಮುಂದೆ ಬಸ್ ನಿಲ್ದಾಣವಾಯಿತು. ಆದರೆ ಸಂಪಂಗಿಯ ಆಸುಪಾಸಿನಲ್ಲಿ ತರಕಾರಿ ಬೆಳೆಯುತ್ತಿದ್ದ ತಿಗಳರ ತೋಟಗಳಿಗೆ ನಲ್ಲಿಯ ನೀರು ಕೆರೆಯ ಬದಲಿಯಾಗಲಾರದು. ಕರಗವನ್ನು ಹೊರುವವರೂ ಈ ಸಮುದಾಯದವರೇ. ಬೇಸಾಯಕ್ಕೆ ಬೇಕಾದ ನೀರು ಹೋಗಿ, ವಿಧಿಗೆ ಬೇಕಾದಷ್ಟು ಉಳಿಯಿತು.

ಹೀಗೆ ನೋಡಿದರೆ ಕ್ರೀಡಾಂಗಣವೂ ಕೊಳವೂ ಎರಡು ಕಾಲಗಳ ಗುರುತುಗಳಲ್ಲ. ಒಂದೇ ತೀರ್ಮಾನದ ಎರಡು ಮುಖಗಳು. ನಗರದ ವೈದೃಶ್ಯವು ಕಾಲದ ಅಂತರದಿಂದಲ್ಲ, ಹಂಚಿಕೆಯಿಂದ ಹುಟ್ಟುತ್ತದೆ. ೧೯೭೪ರಲ್ಲಿ ಸುಮಾರು ೧೦೦ ಕಿಲೋಮೀಟರ್ ದೂರದ ಕಾವೇರಿಯಿಂದ ನೀರು ಹರಿದು ಬಂತು; ಆದರೂ ನಲ್ಲಿಯುಳ್ಳ ಮನೆ, ಟ್ಯಾಂಕರಿಗಾಗಿ ಕಾಯುವ ಮನೆ ಎಂಬ ಭೇದ ಅಳಿಯಲಿಲ್ಲ.

ಈ ಭೇದವನ್ನು ನಗರದ ಸಹಜಗುಣವೆಂದು ಬೋಧಿಸಿದರೆ, ತೀರ್ಮಾನ ಕೈಗೊಂಡವರು ಚರಿತ್ರೆಯ ವಿಚಾರಣೆಯಿಂದ ಪಾರಾಗುತ್ತಾರೆ. ಆದುದರಿಂದ ವಿದ್ಯಾರ್ಥಿಗಳು ಈ ಕೃತಿಯನ್ನು ಅವಶ್ಯವಾಗಿ ಓದಬೇಕು. ಜೊತೆಗೆ ಪುರಸಭೆಯ ಕಡತಗಳನ್ನೂ ತೆರೆದಿಟ್ಟುಕೊಳ್ಳಬೇಕು. ನೆನಪು ನಷ್ಟವನ್ನು ತೋರಿಸಬಲ್ಲದು. ಅದರ ಕಾರಣವನ್ನು ಹೇಳುವ ಹೊಣೆ ಚರಿತ್ರಕಾರನದು.